ಎದುರಿನವರ ಎರಡನೇ ಮಾತು

ಪ್ರಶ್ನೆ: ನಾನು ಹಾವೇರಿ ಜಿಲ್ಲೆಯವಳು. ಪತ್ರಿಕೋದ್ಯಮ ಓದಿ ಮೂರು ಕಿರು ಸಾಕ್ಷ್ಯಚಿತ್ರ ಮಾಡಿದ್ದೇನೆ. ಎರಡು ವರ್ಷದ ಹಿಂದೆ ನಮ್ಮೂರಿನಲ್ಲಿ ಹುಡುಗರು ಆಡುತ್ತಿದ್ದ ನಾಟಕವನ್ನು, ದೇವರಿಗೆ ಅವಮಾನ ಆಯಿತು ಎಂದು ಅರ್ಧಕ್ಕೇ ನಿಲ್ಲಿಸಿದರು. ಇಬ್ಬರು ಹುಡುಗರಿಗೆ ಪೆಟ್ಟು ಬಿತ್ತು. ಊರಲ್ಲಿ ಇನ್ನೂ ಅದೇ ಚರ್ಚೆ. ಅದರ ಮೇಲೆ ಒಂದು ಗಂಟೆಯ ಚಿತ್ರ ಮಾಡಬೇಕು ಅಂತಿದ್ದೇನೆ. ನಾನು ನಾಟಕದವರ ಪರ. ಆದರೆ ನಿಲ್ಲಿಸಿದವರಲ್ಲಿ ನಮ್ಮ ದೊಡ್ಡಪ್ಪನೂ ಇದ್ದರು. ಎರಡೂ ಕಡೆಯವರಿಗೆ ಸಮಾನ ಸಮಯ ಕೊಡಬೇಕಾ? ಆ ದೃಶ್ಯವನ್ನು ಮತ್ತೆ ತೋರಿಸಬಹುದಾ? ಕೇಸು ಬೀಳುತ್ತದಾ? ಸೆನ್ಸಾರ್ ಬೇಕಾ?

ಉತ್ತರ: ನಿಮ್ಮ ಪತ್ರದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ದೊಡ್ಡಪ್ಪನ ಸಾಲು. ಅದನ್ನು ನೀವು ಒಂದು ತೊಂದರೆ ಎಂಬಂತೆ ಬರೆದಿದ್ದೀರಿ. ನನಗೆ ಹಾಗೆ ಕಾಣುತ್ತಿಲ್ಲ. ಇಂಥ ವಿಷಯದ ಮೇಲೆ ಚಿತ್ರ ಮಾಡುವ ಬಹಳ ಜನರಿಗೆ ಎದುರು ಪಕ್ಷದವರ ಮನೆಯ ಕಟ್ಟೆ ಹತ್ತುವುದಕ್ಕೂ ಆಗುವುದಿಲ್ಲ. ನೀವು ಆ ಮನೆಯ ಒಲೆಯ ಮುಂದೆ ಕೂತು ರೊಟ್ಟಿ ತಿಂದವರು. ಅವರು ಸಿಟ್ಟಿನಲ್ಲಿ ಹೇಗೆ ಮಾತಾಡುತ್ತಾರೆ, ನೋವಾದಾಗ ಹೇಗೆ ಮಾತಾಡುತ್ತಾರೆ ಎಂಬುದು ನಿಮಗೆ ಗೊತ್ತು. ಹೊರಗಿನಿಂದ ಬಂದವರಿಗೆ ಎರಡೂ ಒಂದೇ ಥರ ಕೇಳಿಸುತ್ತದೆ.

ಮೊದಲು ನಾನು ಮಾಡಿದ ಒಂದು ತಪ್ಪನ್ನು ಹೇಳುತ್ತೇನೆ. ನಿಮ್ಮ ಮೊದಲ ಪ್ರಶ್ನೆಗೆ ಉತ್ತರ ಅದರಲ್ಲೇ ಇದೆ.

ಸುಮಾರು ಹದಿನೆಂಟು ವರ್ಷದ ಹಿಂದಿನ ಮಾತು. ಒಂದು ಸಣ್ಣ ಊರಿನ ಕವಿಗೋಷ್ಠಿಯಲ್ಲಿ ಯುವಕನೊಬ್ಬ ಓದಿದ ಪದ್ಯದಿಂದ ಗಲಾಟೆಯಾಗಿತ್ತು. ಮಾರನೆಯ ರಾತ್ರಿ ಅವನ ಬೈಕಿಗೆ ಬೆಂಕಿ ಹಚ್ಚಿದರು. ನಾನು ಕ್ಯಾಮೆರಾ ತೆಗೆದುಕೊಂಡು ಹೋದೆ. ನನ್ನ ತಲೆಯಲ್ಲಿ ಆಗಲೇ ಚಿತ್ರ ಮುಗಿದಿತ್ತು. ಈ ಕಡೆ ಕವಿ, ಆ ಕಡೆ ಕವಿಯ ಬಾಯಿ ಮುಚ್ಚಿಸುವವರು. ದೇವಸ್ಥಾನದ ಸಮಿತಿಯಲ್ಲಿದ್ದ ಒಬ್ಬ ಹಿರಿಯರು ತಮ್ಮ ಕಿರಾಣಿ ಅಂಗಡಿಯ ಗಲ್ಲಾದ ಮುಂದೆ ಕೂತು ಮಾತಾಡಿದರು. ‘ಆ ಪದ್ಯ ಕೇಳಿ ನನಗೆ ರಾತ್ರಿಯಿಡೀ ನಿದ್ದೆ ಬರಲಿಲ್ಲ. ಅದನ್ನು ಅವನು ಓದಬಾರದಿತ್ತು’ ಅಂದರು. ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, ‘ಆದ್ರೆ ಗಾಡಿ ಸುಟ್ಟವರು ನಮ್ಮ ದೇವರ ಹೆಸರು ಹೇಳಬಾರದು’ ಅಂದರು.

ಎಡಿಟಿಂಗ್‌ನಲ್ಲಿ ನಾನು ಮೊದಲ ಮಾತು ಇಟ್ಟುಕೊಂಡೆ. ಎರಡನೆಯದನ್ನು ಕತ್ತರಿಸಿದೆ. ಚಿತ್ರ ಚುರುಕಾಯಿತು. ಆ ಕಡೆಯವರು ಯಾರು, ಈ ಕಡೆಯವರು ಯಾರು ಎಂದು ನೋಡುವವರಿಗೆ ತಟ್ಟನೆ ತಿಳಿಯುವಂತಾಯಿತು. ಪಕ್ಕದ ಪಟ್ಟಣದಲ್ಲಿ ಚಿತ್ರ ತೋರಿಸಿದಾಗ ಆ ಹಿರಿಯರೂ ಬಸ್ಸು ಹತ್ತಿ ಬಂದಿದ್ದರು. ಎಲ್ಲ ಮುಗಿದ ಮೇಲೆ ಹತ್ತಿರ ಬಂದು ‘ನನ್ನ ಎರಡನೇ ಮಾತು ಎಲ್ಲಿ ಹೋಯಿತು?’ ಎಂದು ಕೇಳಿದರು. ಸಿಟ್ಟಿರಲಿಲ್ಲ. ನಿಜಕ್ಕೂ ತಿಳಿಯಬೇಕು ಎಂಬಂತೆ ಕೇಳಿದರು. ನನ್ನ ಹತ್ತಿರ ಉತ್ತರ ಇರಲಿಲ್ಲ. ಬೈಕ್ ಸುಟ್ಟದ್ದು ತಪ್ಪು ಎಂದು ಆ ಸಮಿತಿಯಲ್ಲಿ ಕ್ಯಾಮೆರಾ ಮುಂದೆ ಹೇಳಿದ್ದು ಅವರೊಬ್ಬರೇ. ಅದನ್ನು ಹೇಳುವುದಕ್ಕೆ ಆ ಊರಿನಲ್ಲಿ ಎಷ್ಟು ಧೈರ್ಯ ಬೇಕಿತ್ತು ಎಂಬುದು ನನಗೆ ಗೊತ್ತಿತ್ತು. ಮಾತಿನ ಸ್ವಾತಂತ್ರ್ಯದ ಬಗ್ಗೆ ಚಿತ್ರ ಮಾಡುತ್ತಿದ್ದ ನಾನೇ ಆ ಮಾತನ್ನು ತೆಗೆದು ಹಾಕಿದ್ದೆ. ಆಮೇಲೆ ಅದನ್ನು ವಾಪಸ್ ಸೇರಿಸಿದೆ. ಒಂಬತ್ತು ಸೆಕೆಂಡ್ ಅಷ್ಟೇ. ಆದರೆ ಅಷ್ಟರಲ್ಲಿ ಹಳೆಯ ಪ್ರತಿಗಳು ಹತ್ತಾರು ಕೈಗೆ ಹೋಗಿದ್ದವು. ಅವರನ್ನು ಬರೀ ಮೊದಲ ಮಾತಿನವರಾಗಿಯೇ ನೋಡಿದ ಜನ ಇವತ್ತಿಗೂ ಇರಬಹುದು.

ಹಾಗಾಗಿ ಸಮಾನ ಸಮಯದ ಲೆಕ್ಕ ಬಿಡಿ. ಸ್ಟಾಪ್‌ವಾಚ್ ಹಿಡಿದು ಈ ಕಡೆಗೆ ಇಪ್ಪತ್ತು ನಿಮಿಷ, ಆ ಕಡೆಗೆ ಇಪ್ಪತ್ತು ನಿಮಿಷ ಕೊಟ್ಟರೆ ನ್ಯಾಯ ಆಗುವುದಿಲ್ಲ. ಟೀವಿಯ ರಾತ್ರಿ ಚರ್ಚೆಗಳಲ್ಲಿ ಎಲ್ಲರಿಗೂ ಸಮಯ ಸಿಗುತ್ತದೆ. ಮಾತು ಯಾರದ್ದೂ ಪೂರ್ತಿ ಆಗುವುದಿಲ್ಲ. ನಿಮ್ಮ ದೊಡ್ಡಪ್ಪನಿಗೆ ಆರೇ ನಿಮಿಷ ಸಿಗಲಿ. ಆ ಆರು ನಿಮಿಷ ನೋಡಿ ಅವರು ‘ಹೌದು, ನಾನು ಹೇಳಿದ್ದು ಇದೇ, ಹೀಗೇ’ ಅನ್ನಬೇಕು. ನೀವು ಅವರನ್ನು ಒಪ್ಪಬೇಕಾಗಿಲ್ಲ. ಚಿತ್ರ ನಿಮ್ಮ ನಿಲುವನ್ನು ಬಚ್ಚಿಡಬೇಕಾಗಿಯೂ ಇಲ್ಲ. ಆದರೆ ಅವರ ವಾದ ಅದರ ಪೂರ್ತಿ ಬಲದಲ್ಲಿ ತೆರೆಯ ಮೇಲೆ ಬರಬೇಕು.

ಈ ಕೆಲಸದ ಮಾದರಿ ನಮ್ಮ ಕರಾವಳಿ, ಮಲೆನಾಡಿನಲ್ಲೇ ಇದೆ. ತಾಳಮದ್ದಳೆ ಕೇಳಿದ್ದೀರಾ? ವೇಷ ಇಲ್ಲ, ಕುಣಿತ ಇಲ್ಲ. ಭಾಗವತರ ಹಾಡು, ಚೆಂಡೆ ಮದ್ದಳೆ, ಮತ್ತೆ ಎದುರುಬದುರು ಕೂತು ಪಾತ್ರಗಳಾಗಿ ಮಾತಾಡುವ ಅರ್ಥಧಾರಿಗಳು. ಆ ಮಾತಿಗೇ ‘ಅರ್ಥ’ ಎನ್ನುತ್ತಾರೆ. ವಾಲಿವಧೆ ಪ್ರಸಂಗದಲ್ಲಿ ಬಾಣ ತಗುಲಿ ಬಿದ್ದ ವಾಲಿ ರಾಮನನ್ನೇ ಪ್ರಶ್ನೆ ಮಾಡುತ್ತಾನೆ. ಮರೆಯಲ್ಲಿ ನಿಂತು ಹೊಡೆದದ್ದು ಯಾವ ಧರ್ಮ? ನಿನಗೂ ನನಗೂ ಏನು ಹಗೆ? ಆ ಪ್ರಶ್ನೆಗಳನ್ನು ಕೇಳಲು ಬಂದು ಕೂತವರು ರಾಮನ ಭಕ್ತರು. ಎಷ್ಟೋ ಸಲ ಅದು ನಡೆಯುವುದು ದೇವಸ್ಥಾನದ ಅಂಗಳದಲ್ಲಿ. ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿಯ ಮಾತನ್ನು ಜನ ದೂರದೂರದಿಂದ ಬಂದು ಕೇಳುತ್ತಿದ್ದರು. ವಾಲಿಯ ಅರ್ಥ ಸಪ್ಪೆಯಾದರೆ ರಾಮನ ಅರ್ಥವೂ ಸಪ್ಪೆ ಎಂದು ಅಲ್ಲಿ ಕೂತ ಎಲ್ಲರಿಗೂ ಗೊತ್ತು. ನಿಮ್ಮ ಚಿತ್ರದಲ್ಲಿ ನಾಟಕದ ಹುಡುಗರ ಮಾತಿಗೆ ತೂಕ ಬರಬೇಕಾದರೆ ದೊಡ್ಡಪ್ಪನ ಮಾತಿಗೂ ತೂಕ ಇರಬೇಕು.

ಇಲ್ಲಿ ಒಂದು ಎಚ್ಚರಿಕೆ. ಅಭಿಪ್ರಾಯಕ್ಕೆ ಎರಡು ಕಡೆ ಇರುತ್ತದೆ, ಹೊಡೆತಕ್ಕೆ ಇರುವುದಿಲ್ಲ. ಇಬ್ಬರು ಹುಡುಗರಿಗೆ ಹೊಡೆದದ್ದು ನಡೆದ ಸಂಗತಿ. ಯಾವ ತಾರೀಖು, ಎಷ್ಟು ಗಂಟೆ, ಯಾರು ಆಸ್ಪತ್ರೆಗೆ ಸೇರಿದರು, ದೂರು ದಾಖಲಾಯಿತಾ, ದಾಖಲಾಗಿದ್ದರೆ ಎಫ್‌ಐಆರ್‌ನಲ್ಲಿ ಏನಿದೆ? ಇದನ್ನೆಲ್ಲ ಚಿತ್ರ ಸ್ಪಷ್ಟವಾಗಿ ಹೇಳಬೇಕು. ಅದನ್ನೂ ‘ಒಬ್ಬರು ಹೀಗೆ ಅಂತಾರೆ, ಇನ್ನೊಬ್ಬರು ಹಾಗೆ ಅಂತಾರೆ’ ಎಂದು ತೇಲಿಸಿಬಿಟ್ಟರೆ ಪೆಟ್ಟು ತಿಂದವರಿಗೆ ಎರಡನೇ ಸಲ ಅನ್ಯಾಯ ಮಾಡಿದ ಹಾಗೆ. ನಂಬಿಕೆಗೆ ನೋವಾಯಿತು ಎನ್ನುವವರ ನೋವು ನಿಜ ಇರಬಹುದು. ಅದನ್ನು ಪೂರ್ತಿ ಕೇಳಿ. ಕೈ ಎತ್ತಿದ್ದಕ್ಕೆ ಅದು ರಸೀದಿ ಆಗುವುದಿಲ್ಲ.

ಇನ್ನು ಮಾತಾಡಿಸುವ ಬಗೆ. ಯಾರನ್ನೇ ಕೂರಿಸಿಕೊಳ್ಳಿ, ಮೊದಲ ಪ್ರಶ್ನೆ ಇದು: ನೀವು ಆ ನಾಟಕ ನೋಡಿದ್ದಿರಾ? ಎಲ್ಲಿಂದ ಎಲ್ಲಿಯವರೆಗೆ? ನಾಟಕದ ಪರ ಇರುವವರಿಗೂ ಇದನ್ನೇ ಕೇಳಿ. ಅವರಲ್ಲೂ ಅರ್ಧ ಜನ ನೋಡಿರುವುದಿಲ್ಲ. 1979ರ ನವೆಂಬರ್‌ನಲ್ಲಿ ಬಿಬಿಸಿಯಲ್ಲಿ ಒಂದು ಚರ್ಚೆ ನಡೆಯಿತು. ಮಾಂಟಿ ಪೈಥಾನ್ ತಂಡದ ‘ಲೈಫ್ ಆಫ್ ಬ್ರಿಯಾನ್’ ಎಂಬ ಹಾಸ್ಯ ಸಿನಿಮಾ ಕ್ರಿಸ್ತನಿಗೆ ಅವಮಾನ ಎಂಬ ಆಕ್ಷೇಪ ಎದ್ದಿತ್ತು. ಬ್ರಿಟನ್ನಿನಲ್ಲಿ ಹಲವು ಕಡೆ ಸ್ಥಳೀಯ ಆಡಳಿತಗಳೇ ಆಮೇಲೆ ಅದನ್ನು ತಡೆದವು. ಚರ್ಚೆಯಲ್ಲಿ ತಂಡದ ಪರವಾಗಿ ಜಾನ್ ಕ್ಲೀಸ್, ಮೈಕೆಲ್ ಪೇಲಿನ್ ಕೂತಿದ್ದರು. ಎದುರಿಗೆ ಪತ್ರಕರ್ತ ಮಾಲ್ಕಮ್ ಮಗರಿಜ್ ಮತ್ತು ಸದರ್ಕ್‌ನ ಬಿಷಪ್ ಮರ್ವಿನ್ ಸ್ಟಾಕ್‌ವುಡ್. ಚರ್ಚೆಗೆ ಮುಂಚಿನ ಪ್ರದರ್ಶನಕ್ಕೆ ಅವರಿಬ್ಬರೂ ತಡವಾಗಿ ಬಂದು ಸಿನಿಮಾದ ಆರಂಭವನ್ನೇ ನೋಡಿರಲಿಲ್ಲ ಎಂಬುದು ಆಮೇಲೆ ಹೊರಬಂತು. ಬ್ರಿಯಾನ್ ಬೇರೆ, ಕ್ರಿಸ್ತ ಬೇರೆ ಎಂದು ಆ ಸಿನಿಮಾ ಆರಂಭದಲ್ಲೇ ತೋರಿಸುತ್ತದೆ. ಅವರಿಗೆ ತಪ್ಪಿಹೋದದ್ದು ಅದೇ ಭಾಗ. ‘ನೀವು ನೋಡಿದ್ದಿರಾ’ ಎಂಬ ಪ್ರಶ್ನೆಯನ್ನು ಚರ್ಚೆಯ ಶುರುವಿನಲ್ಲೇ ಕೇಳಿದ್ದರೆ ಇಡೀ ಮಾತು ಬೇರೆ ದಾರಿ ಹಿಡಿಯುತ್ತಿತ್ತು ಎಂದು ನನಗೆ ಅನಿಸುತ್ತದೆ.

ಈ ಪ್ರಶ್ನೆಯನ್ನು ಸಿಕ್ಕಿಹಾಕಿಸುವ ದನಿಯಲ್ಲಿ ಕೇಳಬೇಡಿ. ದೊಡ್ಡಪ್ಪ ನಾಟಕ ನೋಡಿರದಿದ್ದರೆ ‘ಹಾಗಾದರೆ ನಿಮಗೆ ಯಾರು ಹೇಳಿದರು? ಏನಂತ ಹೇಳಿದರು? ಆಗ ನೀವು ಎಲ್ಲಿದ್ದಿರಿ?’ ಎಂದು ಮುಂದುವರಿಸಿ. ಒಂದು ಸುದ್ದಿ ಊರಿನಲ್ಲಿ ಹೇಗೆ ಕೈಯಿಂದ ಕೈಗೆ ಹೋಯಿತು, ದಾರಿಯಲ್ಲಿ ಎಷ್ಟು ದಪ್ಪ ಆಯಿತು ಎಂಬುದೇ ನಿಮ್ಮ ಚಿತ್ರದ ಬಹಳ ಒಳ್ಳೆಯ ಭಾಗ ಆಗಬಹುದು. ಬರೀ ಮುಖಂಡರನ್ನು ಮಾತಾಡಿಸಬೇಡಿ. ಶಾಮಿಯಾನ ಹಾಕಿದವರು, ಮೈಕ್ ಸೆಟ್‌ನವರು, ಬಂದೋಬಸ್ತಿಗಿದ್ದ ಪೇದೆ, ಮುಂದಿನ ಸಾಲಿನಲ್ಲಿ ಮಗುವನ್ನು ಎತ್ತಿಕೊಂಡು ಕೂತಿದ್ದ ತಾಯಿ, ಇವರೆಲ್ಲ ಕಂಡದ್ದನ್ನು ಹೇಳುತ್ತಾರೆ. ಮುಖಂಡರು ಬಹುಮಟ್ಟಿಗೆ ತಾವು ಎಂದಿನಿಂದಲೂ ಹೇಳುತ್ತಾ ಬಂದದ್ದನ್ನೇ ಹೇಳುತ್ತಾರೆ.

ಆ ದೃಶ್ಯವನ್ನು ತೋರಿಸಬಹುದಾ ಎಂದು ಕೇಳಿದ್ದೀರಿ. ತೋರಿಸಲೇಬೇಕು ಎಂಬುದು ನನ್ನ ಅಭಿಪ್ರಾಯ. ಜಗಳ ಯಾವುದರ ಮೇಲೆ ಎಂದು ತೋರಿಸದೆ ಜಗಳದ ಚಿತ್ರ ಮಾಡಿದರೆ ನೋಡುವವರು ತಾವೇ ಏನೋ ಊಹಿಸಿಕೊಳ್ಳುತ್ತಾರೆ. ಆ ಊಹೆ ನಿಜಕ್ಕಿಂತ ಕೆಟ್ಟದಾಗಿರುತ್ತದೆ. ಆದರೆ ಎಲ್ಲಿ, ಹೇಗೆ ಎಂಬುದು ಮುಖ್ಯ. ಆ ಸಾಲನ್ನು ಒಂದು ಸಲ ತೋರಿಸಿ. ಅದರ ಹಿಂದಿನ ಎರಡು ಮಾತು, ಮುಂದಿನ ಎರಡು ಮಾತಿನ ಜೊತೆಗೆ ತೋರಿಸಿ. ಚಿತ್ರದ ಆರಂಭದಲ್ಲಿ ಆಕರ್ಷಣೆಗೆಂದು ಹಾಕಬೇಡಿ. ಟ್ರೇಲರ್‌ನಲ್ಲಿ ಖಂಡಿತ ಬೇಡ. ಪೋಸ್ಟರ್‌ನಲ್ಲೂ ಬೇಡ. ಮೂವತ್ತು ಸೆಕೆಂಡಿನ ತುಣುಕು ಫೋನಿನಿಂದ ಫೋನಿಗೆ ಓಡುವಾಗ ಅದರ ಹಿಂದೆ ಮುಂದೆ ಇದ್ದದ್ದೆಲ್ಲ ಉದುರಿಹೋಗಿರುತ್ತದೆ. ನಾಟಕವನ್ನು ನಿಲ್ಲಿಸಿದ್ದೂ ಅಂಥದ್ದೇ ಒಂದು ತುಣುಕಿನಿಂದ ಇರಬಹುದು, ವಿಚಾರಿಸಿ ನೋಡಿ. ಅವತ್ತಿನ ಮೊಬೈಲ್ ವಿಡಿಯೋ ಸಿಕ್ಕರೆ ಅದನ್ನು ಯಾರು ತೆಗೆದರು, ಕತ್ತರಿಸಿದ್ದಾರಾ ಎಂದು ಕೇಳದೆ ಬಳಸಬೇಡಿ. ಸಿಗದಿದ್ದರೆ ಮತ್ತೆ ವೇಷ ಕಟ್ಟಿಸಿ ಆಡಿಸುವುದಕ್ಕಿಂತ, ಬರೆದ ಹುಡುಗ ಹಸ್ತಪ್ರತಿ ಹಿಡಿದು ಅದನ್ನು ಓದಲಿ. ಕಾಗದದ ಮೇಲಿನ ಮಾತನ್ನು ಅವನ ಬಾಯಲ್ಲಿ ಕೇಳಿದಾಗ ಅವನ ಉದ್ದೇಶವೂ ಕೇಳಿಸುತ್ತದೆ.

ಈಗ ನನಗೆ ಎಲ್ಲಕ್ಕಿಂತ ಭಾರ ಅನಿಸುವ ಮಾತು. ಆನಂದ್ ಪಟವರ್ಧನ್ ಅವರ ‘ರಾಮ್ ಕೆ ನಾಮ್’ ಸಾಕ್ಷ್ಯಚಿತ್ರವನ್ನು ನೀವು ನೋಡಿರಬಹುದು. 1990ರ ರಥಯಾತ್ರೆಯ ಹೊತ್ತಿನಲ್ಲಿ ಚಿತ್ರೀಕರಿಸಿದ್ದು. ಬಿಡುಗಡೆಯಾದದ್ದು 1992ರಲ್ಲಿ, ಬಾಬರಿ ಮಸೀದಿ ಬೀಳುವ ಮುಂಚೆ. ಎಲ್ಲ ವಯಸ್ಸಿನವರೂ ನೋಡಬಹುದು ಎಂಬ ಯು ಸರ್ಟಿಫಿಕೇಟ್ ಸಿಕ್ಕಿತ್ತು, ರಾಷ್ಟ್ರಪ್ರಶಸ್ತಿಯೂ ಬಂತು. ಅದರಲ್ಲಿ ಪೂಜಾರಿ ಲಾಲದಾಸ್ ಬರುತ್ತಾರೆ. ವಿವಾದದ ಜಾಗದಲ್ಲಿ ಪೂಜೆಗೆ ಕೋರ್ಟಿನ ಮೂಲಕ ನೇಮಕವಾಗಿದ್ದ ಅರ್ಚಕರು. ರಾಮಮಂದಿರದ ಚಳವಳಿ ಭಕ್ತಿಯದ್ದಲ್ಲ, ರಾಜಕೀಯದ್ದು ಎಂದು ಕ್ಯಾಮೆರಾ ಮುಂದೆ ಶಾಂತವಾಗಿ ಹೇಳುತ್ತಾರೆ. ನಂಬಿಕೆಯವರು ಒಂದು ಕಡೆ, ಪ್ರಶ್ನೆ ಕೇಳುವವರು ಇನ್ನೊಂದು ಕಡೆ ಎಂಬ ಸುಲಭದ ಗೆರೆಯನ್ನು ಆ ಒಬ್ಬ ಮನುಷ್ಯ ಅಳಿಸಿಬಿಡುತ್ತಾರೆ. ಅವರು ಮಾತಾಡಿದ್ದು ಭಕ್ತರಾಗಿಯೇ. 1992ರಲ್ಲಿ ಅವರನ್ನು ಆ ಕೆಲಸದಿಂದ ತೆಗೆದರು. 1993ರ ನವೆಂಬರ್‌ನಲ್ಲಿ ಅವರ ಕೊಲೆಯಾಯಿತು. ಚಿತ್ರದಿಂದಲೇ ಹಾಗಾಯಿತು ಎಂದು ನಾನು ಹೇಳುತ್ತಿಲ್ಲ. ಆದರೆ ಆ ಮುಖವನ್ನು ತೆರೆಯ ಮೇಲೆ ನೋಡಿದಾಗಲೆಲ್ಲ ನನಗೆ ಒಂದು ಯೋಚನೆ ಬರುತ್ತದೆ. ನಾವು ಚಿತ್ರ ಮುಗಿಸಿ ಊರಿಗೆ ಹೋಗುತ್ತೇವೆ. ಮಾತಾಡಿದವರು ಅಲ್ಲೇ ಇರುತ್ತಾರೆ. ಧಾರವಾಡದಲ್ಲಿ 2015ರ ಆಗಸ್ಟ್ 30ರಂದು ಎಂ.ಎಂ. ಕಲಬುರ್ಗಿ ಅವರನ್ನು ಕೊಂದದ್ದು ಅವರ ಮನೆ ಬಾಗಿಲಲ್ಲೇ. ನಿಮ್ಮ ಜಿಲ್ಲೆಗೆ ಆ ಊರು ಎಷ್ಟು ದೂರ ಹೇಳಿ.

ಅದಕ್ಕೇ ಒಪ್ಪಿಗೆ ಪತ್ರ ಎಂದರೆ ಒಂದು ಸಹಿ ಅಲ್ಲ. ನಾನು ಮೂರು ಸಲ ಕೇಳುತ್ತೇನೆ. ಮಾತಾಡಿಸುವ ಮುಂಚೆ ಒಂದು ಸಲ. ಮಾತು ಮುಗಿದ ತಕ್ಷಣ ಒಂದು ಸಲ, ಯಾಕೆಂದರೆ ತಾನು ಏನು ಹೇಳಿದೆ ಎಂದು ಅವರಿಗೆ ಗೊತ್ತಾಗುವುದು ಆಗಲೇ. ಎಡಿಟ್ ಮುಗಿದ ಮೇಲೆ ಅವರ ಭಾಗವನ್ನು ಅವರಿಗೆ ತೋರಿಸಿ ಇನ್ನೊಂದು ಸಲ. ಪತ್ರ ಸುಲಭ ಕನ್ನಡದಲ್ಲಿರಲಿ. ಚಿತ್ರ ಎಲ್ಲೆಲ್ಲಿ ಹೋಗಬಹುದು, ಯೂಟ್ಯೂಬ್‌ಗೆ ಬಂದರೆ ಆಮೇಲೆ ವಾಪಸ್ ಪಡೆಯಲು ಆಗುವುದಿಲ್ಲ ಎಂದು ಬಾಯಲ್ಲೂ ಹೇಳಿ. ‘ನೀವು ಬೇಡ ಅಂದರೆ ತೆಗೆದುಬಿಡುತ್ತೇನೆ’ ಎಂದು ಮಾತು ಕೊಟ್ಟರೆ ಉಳಿಸಿಕೊಳ್ಳಿ, ಚಿತ್ರ ಕುಂಟಿದರೂ ಸರಿ. ಮುಖ ಮರೆಮಾಡಬೇಕಾದರೆ ಆಮೇಲೆ ಮಸುಕು ಮಾಡುವುದನ್ನು ನಂಬಬೇಡಿ. ಮೊದಲೇ ಕೈ, ಕಿಟಕಿ, ಬೆನ್ನು ಹೀಗೆ ಶಾಟ್ ತೆಗೆಯಿರಿ. ದನಿಯನ್ನು ಬೇರೆಯವರಿಂದ ಓದಿಸಿ. ಸಣ್ಣ ಊರಿನಲ್ಲಿ ದನಿ ಕೇಳಿ ಜನ ಹೆಸರು ಹೇಳಿಬಿಡುತ್ತಾರೆ. ಅಂಗಿಯ ಬಣ್ಣ, ಹಿಂದಿನ ಗೋಡೆ, ಮೂಲೆಯ ಕ್ಯಾಲೆಂಡರ್ ಕೂಡ ಗುರುತು ಕೊಡುತ್ತವೆ. ದೊಡ್ಡಪ್ಪನಿಗೂ ಇದೇ ನಿಯಮ. ಬಂಧುತ್ವ ಇದೆ ಎಂದು ಸಹಿ ಬಿಟ್ಟುಬಿಡಬೇಡಿ. ನೀವು ಅವರ ತಮ್ಮನ ಮಗಳು ಎಂಬುದನ್ನು ಚಿತ್ರದಲ್ಲಿ ನಿಮ್ಮ ದನಿಯಲ್ಲೇ ಹೇಳಿ. ಬಚ್ಚಿಟ್ಟರೆ ಯಾರೋ ಒಬ್ಬರು ಮೊದಲ ಪ್ರದರ್ಶನದಲ್ಲೇ ಅದನ್ನು ಹೊರತೆಗೆಯುತ್ತಾರೆ.

ಕೇಸಿನ ವಿಷಯ. ಬೀಳುವುದೇ ಇಲ್ಲ ಎಂದು ನಾನು ಧೈರ್ಯ ಹೇಳುವುದಿಲ್ಲ. ದೂರು ಕೊಡುವುದನ್ನು ಯಾರಿಂದಲೂ ತಡೆಯಲು ಆಗುವುದಿಲ್ಲ. ಆದರೆ ಕಾನೂನು ಏನು ಹೇಳುತ್ತದೆ ಎಂದು ತಿಳಿದಿರಲಿ. ಧಾರ್ಮಿಕ ಭಾವನೆ ಕೆರಳಿಸುವುದರ ಬಗ್ಗೆ ಹಿಂದೆ ಭಾರತೀಯ ದಂಡ ಸಂಹಿತೆಯ (ಐಪಿಸಿ) 295ಎ ಸೆಕ್ಷನ್ ಇತ್ತು. 1927ರಲ್ಲಿ ಬ್ರಿಟಿಷ್ ಕಾಲದಲ್ಲಿ ಸೇರಿಸಿದ್ದು. 2024ರ ಜುಲೈ 1ರಿಂದ ಅದರ ಜಾಗದಲ್ಲಿ ಭಾರತೀಯ ನ್ಯಾಯ ಸಂಹಿತೆಯ 299ನೇ ಸೆಕ್ಷನ್ ಇದೆ. ಮೂರು ವರ್ಷದವರೆಗೆ ಶಿಕ್ಷೆ. ಎರಡರಲ್ಲೂ ಕೀಲಿಯಾದ ಪದಗಳು ಒಂದೇ: ಉದ್ದೇಶಪೂರ್ವಕವಾಗಿ, ಅದೂ ದುರುದ್ದೇಶದಿಂದ ಅವಮಾನ ಮಾಡಿರಬೇಕು. 1957ರಲ್ಲಿ ರಾಮಜಿ ಲಾಲ್ ಮೋದಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಸೆಕ್ಷನ್ ಅನ್ನು ಎತ್ತಿ ಹಿಡಿಯಿತು. ಅದೇ ತೀರ್ಪಿನಲ್ಲಿ, ತಿಳಿಯದೆ ಅಥವಾ ಅಜಾಗ್ರತೆಯಿಂದ ಆಡಿದ ಮಾತು, ದುರುದ್ದೇಶ ಇಲ್ಲದಿದ್ದರೆ, ಇದರೊಳಗೆ ಬರುವುದಿಲ್ಲ ಎಂದೂ ಹೇಳಿತು. ಗುಂಪುಗಳ ನಡುವೆ ದ್ವೇಷ ಹುಟ್ಟಿಸುವುದಕ್ಕೆ 196ನೇ ಸೆಕ್ಷನ್ ಇದೆ. ಇವೆರಡರಲ್ಲೂ ಸರ್ಕಾರದ ಅನುಮತಿ ಇಲ್ಲದೆ ಕೋರ್ಟ್ ವಿಚಾರಣೆಗೆ ತೆಗೆದುಕೊಳ್ಳುವಂತಿಲ್ಲ. ಏಳು ವರ್ಷಕ್ಕಿಂತ ಕಡಿಮೆ ಶಿಕ್ಷೆಯ ಇಂಥ ಕೇಸುಗಳಲ್ಲಿ ಕಾರಣ ಬರೆದಿಡದೆ ಸುಮ್ನೆ ಬಂಧಿಸುವಂತಿಲ್ಲ, ಮೊದಲು ನೋಟಿಸ್ ಕೊಡಬೇಕು ಎಂದು 2014ರ ಅರ್ನೇಶ್ ಕುಮಾರ್ ತೀರ್ಪು ಹೇಳುತ್ತದೆ. ನೋಟಿಸ್ ಬಂದರೆ ಹೆದರಿ ಫೋನ್ ಆಫ್ ಮಾಡಬೇಡಿ. ವಕೀಲರ ಜೊತೆ ಹೋಗಿ ಹಾಜರಾಗಿ.

ಕೋರ್ಟುಗಳು ಯಾವಾಗಲೂ ಬರೆದವರ ಪರವೇ ನಿಲ್ಲುತ್ತವೆ ಎಂದೂ ತಿಳಿಯಬೇಡಿ. ಪಿ.ವಿ. ನಾರಾಯಣ ಅವರ ‘ಧರ್ಮಕಾರಣ’ ಕಾದಂಬರಿಯನ್ನು ಕರ್ನಾಟಕ ಸರ್ಕಾರ 1997ರಲ್ಲಿ ಮುಟ್ಟುಗೋಲು ಹಾಕಿತು. ಬಸವಣ್ಣನವರ ಅಕ್ಕ ಅಕ್ಕನಾಗಮ್ಮನ ಚಿತ್ರಣದ ಬಗ್ಗೆ ಆಕ್ಷೇಪ ಇತ್ತು. ಬರಗೂರು ರಾಮಚಂದ್ರಪ್ಪ ಮತ್ತಿತರರು ಅದರ ವಿರುದ್ಧ ಸುಪ್ರೀಂ ಕೋರ್ಟಿನವರೆಗೆ ಹೋದರು. 2007ರಲ್ಲಿ ಕೋರ್ಟ್ ಮುಟ್ಟುಗೋಲನ್ನೇ ಎತ್ತಿ ಹಿಡಿಯಿತು. ಹತ್ತು ವರ್ಷದ ಓಡಾಟ. ಇನ್ನೊಂದು ಕಡೆ, 1988ರಲ್ಲಿ ದೇಶ ವಿಭಜನೆಯ ಗಲಭೆಗಳ ಕುರಿತ ‘ತಮಸ್’ ಧಾರಾವಾಹಿಯನ್ನು ನಿಲ್ಲಿಸಬೇಕು ಎಂಬ ಅರ್ಜಿಯನ್ನು ಅದೇ ಸುಪ್ರೀಂ ಕೋರ್ಟ್ ತಳ್ಳಿಹಾಕಿತ್ತು. ಎಲ್ಲದರಲ್ಲೂ ಅಪಾಯ ಕಾಣುವ ದುರ್ಬಲ ಮನಸ್ಸಿನವರ ಕಣ್ಣಿನಿಂದಲ್ಲ, ಗಟ್ಟಿ ಮನಸ್ಸಿನ, ವಿವೇಕ ಇರುವ ಜನರ ಕಣ್ಣಿನಿಂದ ಅಳೆಯಬೇಕು ಎಂಬುದು ಅಲ್ಲಿ ಬಂದ ಅಳತೆಗೋಲು. ಮರುವರ್ಷ, 1989ರ ರಂಗರಾಜನ್ ತೀರ್ಪು ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಗಲಾಟೆ ಮಾಡುತ್ತೇವೆ ಎಂಬ ಬೆದರಿಕೆಗೆ ಹೆದರಿ ಸರ್ಕಾರ ಮಾತನ್ನು ಅದುಮುವಂತಿಲ್ಲ, ಮಾತಿಗೂ ಅಪಾಯಕ್ಕೂ ಸಿಡಿಮದ್ದಿನ ಪೀಪಾಯಿಗೆ ಬಿದ್ದ ಕಿಡಿಯಷ್ಟು ಹತ್ತಿರದ ನಂಟು ಇರಬೇಕು ಎಂದಿತು.

ನಿಮಗೆ ಜಾಸ್ತಿ ಉಪಯೋಗ ಆಗುವುದು 2006ರ ತೀರ್ಪು. ಪಟವರ್ಧನ್ ಅವರ ‘ಫಾದರ್, ಸನ್ ಅಂಡ್ ಹೋಲಿ ವಾರ್’ ಚಿತ್ರವನ್ನು ತೋರಿಸಲು ದೂರದರ್ಶನ ಒಪ್ಪಿರಲಿಲ್ಲ. ಪ್ರಸಾರ ಮಾಡಿ ಎಂದು ಸುಪ್ರೀಂ ಕೋರ್ಟ್ ಆದೇಶಿಸಿತು. ಅಲ್ಲೊಂದು ಇಲ್ಲೊಂದು ದೃಶ್ಯ ಎತ್ತಿಕೊಂಡು ನೋಡಬಾರದು, ಚಿತ್ರವನ್ನು ಇಡಿಯಾಗಿ ನೋಡಿ ಅದು ಒಟ್ಟಾರೆ ಏನು ಹೇಳುತ್ತದೆ ಎಂದು ತೀರ್ಮಾನಿಸಬೇಕು ಎಂಬುದು ಅದರ ತಿರುಳು. ನಾನು ಮೇಲೆ ಹೇಳಿದ ಎರಡನೇ ಮಾತು ಇಲ್ಲಿ ಮತ್ತೆ ಬರುತ್ತದೆ, ನೋಡಿ. ಎದುರಿನವರ ವಾದ ಪೂರ್ತಿ ಇರುವ ಚಿತ್ರವನ್ನು ದುರುದ್ದೇಶದ್ದು ಎಂದು ಸಾಧಿಸುವುದು ಬಹಳ ಕಷ್ಟ. ಚಿತ್ರೀಕರಣಕ್ಕೆ ಮುಂಚೆಯೇ ಎರಡು ಪುಟದಲ್ಲಿ ಈ ಚಿತ್ರ ಯಾಕೆ, ಯಾರನ್ನೆಲ್ಲ ಮಾತಾಡಿಸುತ್ತೇನೆ ಎಂದು ಬರೆದು ತಾರೀಖು ಹಾಕಿಡಿ. ಬರುವುದಿಲ್ಲ ಎಂದವರಿಗೂ ಕೇಳಿದ್ದೆ ಎಂಬುದಕ್ಕೆ ಮೆಸೇಜ್ ಉಳಿಸಿಕೊಳ್ಳಿ. ಕತ್ತರಿಸದ ಫೂಟೇಜ್ ಪೂರ್ತಿ ಎರಡು ಹಾರ್ಡ್ ಡಿಸ್ಕ್‌ನಲ್ಲಿರಲಿ, ಎರಡೂ ಒಂದೇ ಮನೆಯಲ್ಲಿ ಬೇಡ. ‘ನನ್ನ ಮಾತು ತಿರುಚಿದ್ದಾರೆ’ ಎಂದು ಯಾರಾದರೂ ಅಂದರೆ ನಿಮ್ಮನ್ನು ಕಾಯುವುದು ಅದೇ.

ಸೆನ್ಸಾರ್ ವಿಷಯಕ್ಕೆ ಬಂದರೆ, ಸಾಕ್ಷ್ಯಚಿತ್ರಕ್ಕೆ ವಿನಾಯಿತಿ ಇದೆ ಎಂದು ಬಹಳ ಜನ ತಿಳಿದಿದ್ದಾರೆ. ಇಲ್ಲ. 1952ರ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಕಾರ ಸಾರ್ವಜನಿಕವಾಗಿ ತೋರಿಸುವ ಯಾವ ಚಿತ್ರಕ್ಕೂ ಸರ್ಟಿಫಿಕೇಟ್ ಬೇಕು. ಇದನ್ನು ಮೊದಲು ದೊಡ್ಡದಾಗಿ ಪ್ರಶ್ನಿಸಿದ್ದೂ ಒಂದು ಕಿರು ಸಾಕ್ಷ್ಯಚಿತ್ರವೇ. ಕೆ.ಎ. ಅಬ್ಬಾಸ್ ನಾಲ್ಕು ನಗರಗಳ ಬಡತನ, ಸಿರಿತನದ ಮೇಲೆ ಚಿತ್ರ ಮಾಡಿದ್ದರು. ಮುಂಬಯಿಯ ಕೆಂಪುದೀಪದ ಬೀದಿಯ ದೃಶ್ಯಗಳಿಗೆ ಕತ್ತರಿ ಹಾಕಿ ಎಂದರು. ಅವರು ಸುಪ್ರೀಂ ಕೋರ್ಟಿಗೆ ಹೋದರು. ಕೇಸು ನಡೆಯುತ್ತಿದ್ದಾಗಲೇ ಸರ್ಕಾರ ಕಟ್ ಇಲ್ಲದೆ ಯು ಕೊಡುತ್ತೇವೆ ಎಂದಿತು. ಅಬ್ಬಾಸ್ ಸುಮ್ಮನಾಗಲಿಲ್ಲ, ಮೊದಲೇ ಪರೀಕ್ಷೆ ಮಾಡುವ ಪದ್ಧತಿಯನ್ನೇ ಪ್ರಶ್ನಿಸಿದರು. 1970ರಲ್ಲಿ ಕೋರ್ಟ್ ಆ ಪದ್ಧತಿ ಸರಿ ಎಂದಿತು. ಇವತ್ತಿಗೂ ನಾವು ಇರುವುದು ಆ ತೀರ್ಪಿನ ನೆರಳಿನಲ್ಲೇ. ನನಗೆ ಅದು ಒಪ್ಪಿಗೆಯಿಲ್ಲ. ಪುಸ್ತಕಕ್ಕೆ, ಭಾಷಣಕ್ಕೆ ಇಲ್ಲದ ಮುಂಚಿನ ಪರೀಕ್ಷೆ ಚಿತ್ರಕ್ಕೆ ಯಾಕೆ ಎಂಬ ಅಬ್ಬಾಸರ ಪ್ರಶ್ನೆ ಇನ್ನೂ ಜೀವಂತ ಇದೆ.

ಕೆಲಸದ ಮಟ್ಟಿಗೆ ಹೇಳುವುದಾದರೆ, ನಿಮ್ಮ ಅರ್ಜಿ ಆನ್‌ಲೈನ್‌ನಲ್ಲಿ ಹೋಗುತ್ತದೆ. ಸೆನ್ಸಾರ್ ಮಂಡಳಿಯ ಪ್ರಾದೇಶಿಕ ಕಚೇರಿ ಬೆಂಗಳೂರಿನಲ್ಲಿದೆ. 2023ರ ತಿದ್ದುಪಡಿಯ ನಂತರ ಮಕ್ಕಳು ಪೋಷಕರ ಮಾರ್ಗದರ್ಶನದಲ್ಲಿ ನೋಡಬಹುದಾದ ಯುಎ ವರ್ಗದಲ್ಲೇ ಏಳು, ಹದಿಮೂರು, ಹದಿನಾರು ವಯಸ್ಸಿನ ಮೂರು ಮೆಟ್ಟಿಲು ಬಂದಿವೆ. ಕಟ್ ಹೇಳಿದರೆ ಲಿಖಿತವಾಗಿ ಕಾರಣ ಕೇಳಿ, ಮರುಪರಿಶೀಲನಾ ಸಮಿತಿಗೆ ಹೋಗಿ. ಮೊದಲು ಅಲ್ಲಿಂದ ಮುಂದೆ ಒಂದು ಮೇಲ್ಮನವಿ ನ್ಯಾಯಮಂಡಳಿ ಇತ್ತು. 2021ರಲ್ಲಿ ಅದನ್ನು ತೆಗೆದುಹಾಕಿದರು. ಈಗ ನೇರ ಹೈಕೋರ್ಟ್. ಸಣ್ಣ ಬಜೆಟ್ಟಿನವರಿಗೆ ಇದು ನಿಜವಾದ ಹೊಡೆತ. ಚಿತ್ರೋತ್ಸವಗಳಿಗೆ ಕೇಂದ್ರದ ಮಾಹಿತಿ ಮತ್ತು ಪ್ರಸಾರ ಸಚಿವಾಲಯದಿಂದ ವಿನಾಯಿತಿ ಪಡೆಯುವ ದಾರಿ ಇದೆ, ಅದನ್ನು ಉತ್ಸವದವರು ನೋಡಿಕೊಳ್ಳುತ್ತಾರೆ. ಇಂಟರ್‌ನೆಟ್‌ಗೆ ಹಾಕಲು ಸರ್ಟಿಫಿಕೇಟ್ ಬೇಡ, ಆದರೆ 299, 196 ಅಲ್ಲೂ ಅನ್ವಯಿಸುತ್ತವೆ.

ಕೊನೆಗೆ ಎಡಿಟಿಂಗ್ ಟೇಬಲ್. ತಪ್ಪುಗಳು ಜಾಸ್ತಿ ಆಗುವುದು ಅಲ್ಲೇ. ಒಬ್ಬರು ಮಾತಾಡುವಾಗ ಇನ್ನೊಬ್ಬರ ಮುಖ ತೋರಿಸುವ ಶಾಟ್ ಅದೇ ಹೊತ್ತಿನದ್ದಾಗಿರಲಿ. ಬೇರೆ ದಿನದ ನಗುವನ್ನು ಇವತ್ತಿನ ಮಾತಿಗೆ ಅಂಟಿಸಿದರೆ ಅದು ಸುಳ್ಳು ಸಾಕ್ಷಿ. ಒಂದು ಧರ್ಮದ ಹೆಸರು ಬಂದ ಕೂಡಲೇ ಆ ಧರ್ಮದ ಮೆರವಣಿಗೆ, ಕೂಗು, ಕೈಯಲ್ಲಿ ಬಾವುಟ ತೋರಿಸುವ ಅಭ್ಯಾಸ ಬಿಡಿ. ಆ ಗುಂಪಿನಲ್ಲಿ ಇರದ ಸಾವಿರ ಜನ ಆ ಧರ್ಮದಲ್ಲೇ ಇದ್ದಾರೆ. ಹಿನ್ನೆಲೆ ಸಂಗೀತದಲ್ಲಿ ಎಚ್ಚರ. ದೊಡ್ಡಪ್ಪ ಬಾಯಿ ತೆಗೆಯುವಾಗ ಗುಡುಗುವ ತಮಟೆ, ಹುಡುಗರು ಬಂದಾಗ ಕೊಳಲು ಹಾಕಿದರೆ ನೀವು ತೀರ್ಪು ಕೊಟ್ಟಾಯಿತು, ಅಲ್ವಾ? ಆ ಜಾಗದ್ದೇ ಸದ್ದು ಸಾಕು. ಪ್ರತಿ ಮಾತುಕತೆಯ ಕೊನೆಗೆ ಅರ್ಧ ನಿಮಿಷ ಎಲ್ಲರೂ ಸುಮ್ಮನೆ ಕೂತು ಕೋಣೆಯ ಸದ್ದನ್ನಷ್ಟೇ ರೆಕಾರ್ಡ್ ಮಾಡಿ. ಜನ ಮಾತು ಮುಗಿಸಿ ಸುಮ್ಮನಿರುವಾಗಿನ ಮುಖ ಬಹಳ ಹೇಳುತ್ತದೆ. ಆ ಕಿರಾಣಿ ಅಂಗಡಿಯವರ ಎರಡನೇ ಮಾತು ಬಂದದ್ದು ಅಂಥ ಮೌನದ ನಂತರವೇ. ಅವಸರಪಟ್ಟು ಮುಂದಿನ ಪ್ರಶ್ನೆ ಕೇಳಿದ್ದರೆ ಅದು ಹುಟ್ಟುತ್ತಲೇ ಇರಲಿಲ್ಲ.

ಸಬ್‌ಟೈಟಲ್ ಮಾಡಿಸುವಾಗ ನೀವೇ ಪಕ್ಕದಲ್ಲಿ ಕೂರಿ. ನಿಮ್ಮ ಕಡೆಯವರು ‘ಮನಸಿಗೆ ಹತ್ತಿತು’ ಅಂದರೆ ಅದು ಸಿಟ್ಟಲ್ಲ. ಅದನ್ನು ಸಿಟ್ಟು ಎಂದು ಇಂಗ್ಲಿಷಿಗೆ ಇಳಿಸಿದರೆ ಹೊರಗಿನವರಿಗೆ ಆ ಮನುಷ್ಯ ಬೇರೆಯೇ ಆಗಿಬಿಡುತ್ತಾನೆ.

ಚಿತ್ರೀಕರಣ ಶುರು ಮಾಡುವ ಮುಂಚೆ ಒಂದು ಸಂಜೆ ಕ್ಯಾಮೆರಾ ಇಲ್ಲದೆ ದೊಡ್ಡಪ್ಪನ ಮನೆಗೆ ಹೋಗಿ. ನಾಟಕದ ಹಸ್ತಪ್ರತಿ ಜೊತೆಗಿರಲಿ. ಆ ದೃಶ್ಯವನ್ನು ಅವರ ಮುಂದೆ ಓದಿ, ಅಥವಾ ಅವರ ಕೈಗೇ ಕೊಡಿ. ಅವರು ಬೈದರೂ ಎದ್ದು ಬರಬೇಡಿ, ಊಟ ಮಾಡಿಕೊಂಡೇ ಬನ್ನಿ. ಅವರು ಕೇಳಿದ ಮೊದಲ ಪ್ರಶ್ನೆ ಏನು ಎಂದು ಅವತ್ತೇ ರಾತ್ರಿ ಬರೆದಿಟ್ಟುಕೊಳ್ಳಿ. ಚಿತ್ರವನ್ನು ಎಲ್ಲಿಂದ ಶುರು ಮಾಡಬೇಕು ಎಂಬುದನ್ನು ಆಮೇಲೆ ಮಾತಾಡೋಣ, ಬರೆಯಿರಿ.